ಕೂಸುನುಂಗಿಯ ಗೋಡೆ

ಆ ಊರಿನಲ್ಲಿ ತಪ್ಪು ಮಾಡಿದವರು ಯಾರೂ ಇರಲಿಲ್ಲ. ತಪ್ಪುಗಳು ಮಾತ್ರ ನಡೆಯುತ್ತಿದ್ದವು, ಬೇರೆ ಊರುಗಳಲ್ಲಿ ನಡೆಯುವಷ್ಟೇ ನಡೆಯುತ್ತಿದ್ದವು. ಒಬ್ಬನ ಕಣಜ ಬರಿದಾಗುತ್ತಿತ್ತು. ಒಬ್ಬಳ ಬೆನ್ನ ಮೇಲೆ ಬಾಸುಂಡೆ ಏಳುತ್ತಿತ್ತು. ಹೊಲದ ಬದುವಿನ ಕಲ್ಲು ತಾನೇ ಎದ್ದು ನಾಲ್ಕು ಮಾರು ನಡೆದು ಪಕ್ಕದ ಹೊಲದಲ್ಲಿ ಕೂತುಬಿಡುತ್ತಿತ್ತು. ಯಾರು ಮಾಡಿದರು ಎಂದು ಕೇಳಿದರೆ ಊರಿಗೆಲ್ಲ ಒಂದೇ ಉತ್ತರ. ಅದು ಮಾಡಿತು.

ಅದು ಎಂದರೆ ಕೂಸುನುಂಗಿ.

ಊರಬಾಗಿಲಿನ ಎಡಕ್ಕೆ ಆಳೆತ್ತರದ ಗೋಡೆ. ಗೋಡೆಯ ತುಂಬ ಕೂಸುನುಂಗಿ. ಕೆದರಿದ ಕೂದಲು, ತೆರೆದ ಬಾಯಿ, ಬಾಯಿಯಲ್ಲಿ ಅರ್ಧ ನುಂಗಿದ ಕೂಸು. ಊರಲ್ಲಿ ಕಳವಾದರೆ ಅದಕ್ಕೊಂದು ಕೈ ಬರೆಯುತ್ತಿದ್ದರು. ಹೊಡೆತಕ್ಕೆ ಒಂದು ಕೊಂಬು. ಸುಳ್ಳಿಗೆ ಒಂದು ನಾಲಿಗೆ. ಸಾವಿಗೆ ಒಂದು ಹಲ್ಲು. ಹಲ್ಲುಗಳಿಗೆ ಬಾಯಲ್ಲಿ ಜಾಗ ಸಾಲದೆ ಈಗೀಗ ಕೆನ್ನೆಯ ಮೇಲೂ ಬರೆಯುತ್ತಿದ್ದರು.

ಬರೆಯುವುದಕ್ಕೆ ಕ್ರಮವಿತ್ತು. ತಪ್ಪು ನಡೆದ ಮೂರನೆಯ ದಿನ ಊರು ಗೋಡೆಯ ಮುಂದೆ ಸೇರುತ್ತಿತ್ತು. ನೋವು ತಿಂದವರು ಗೋಡೆಗೆ ಮುಖ ಮಾಡಿ ನಿಲ್ಲಬೇಕು. ಊರ ಹಿರಿಯ ಕೇಳುತ್ತಾನೆ, ಯಾರು? ನೋವು ತಿಂದವರು ಹೇಳಬೇಕು, ಅದು. ಅಷ್ಟೇ. ಆಮೇಲೆ ಬಣ್ಣದವನು ಕುಂಚ ಎತ್ತುತ್ತಾನೆ, ತಮಟೆಯವರು ತಮಟೆ ಬಡಿಯುತ್ತಾರೆ. ಹೊಡೆದವನೂ ಹೊಡೆಸಿಕೊಂಡವಳೂ ಒಂದೇ ಕೊಪ್ಪರಿಗೆಯ ನೀರಿನಲ್ಲಿ ಕೈ ತೊಳೆದು, ಒಂದೇ ಸಾಲಿನಲ್ಲಿ ಕೂತು, ಬೆಲ್ಲದ ಅನ್ನ ಉಣ್ಣುತ್ತಾರೆ. ಅನ್ನ ಗಂಟಲಿಗೆ ಇಳಿದ ಮೇಲೆ ಆ ವಿಷಯ ಊರಲ್ಲಿ ಇಲ್ಲ.

ಅದು ಎನ್ನುವ ಬದಲು ಯಾರಾದರೂ ಮನುಷ್ಯನ ಹೆಸರು ಹೇಳಿಬಿಟ್ಟರೆ? ಅದಕ್ಕೂ ಕ್ರಮವಿತ್ತು. ಹೆಸರು ಹೇಳಿದ ನಾಲಿಗೆ ಹೊತ್ತು ತಿರುಗುವುದರೊಳಗೆ ಬಾಗಿಲು ದಾಟಬೇಕು. ಒಂಟಿಯಾಗಿ ದಾಟಬೇಕು. ಮುದುಕರಾದರೂ ಅಷ್ಟೆ, ಮಕ್ಕಳಾದರೂ ಅಷ್ಟೆ. ಅವರ ಹಿಂದೆ ಒಳಗಿನವರು ಒಬ್ಬರೂ ಹೋಗುವಂತಿಲ್ಲ.

ಹೀಗೆ ಆ ಊರು ಬಹಳ ನೆಮ್ಮದಿಯಿಂದ ಇತ್ತು.

ಕೂಸುನುಂಗಿಯೂ ಗೋಡೆಯಲ್ಲೇ ಕೂತಿರಲಿಲ್ಲ. ಹೊಸ ಮನೆ ಕಟ್ಟಿದವರು ಬೂದುಗುಂಬಳಕ್ಕೆ ಅದರ ಮುಖ ಬರೆದು ಬಾಗಿಲಿಗೆ ತೂಗಿಬಿಡುತ್ತಿದ್ದರು. ಬೆಂಕಿಪೊಟ್ಟಣದ ಮೇಲೆ ಅದರ ನಾಲಿಗೆ ಇತ್ತು. ಹಬ್ಬದ ಸಕ್ಕರೆ ಅಚ್ಚಿನಲ್ಲಿ ಆನೆ, ನವಿಲು, ತುಳಸಿಕಟ್ಟೆಯ ಜೊತೆಗೆ ಕೂಸುನುಂಗಿಯ ತಲೆಯೂ ಬರುತ್ತಿತ್ತು. ಮಕ್ಕಳು ಮೊದಲು ಕೊಂಬು ಮುರಿದು ತಿನ್ನುತ್ತಿದ್ದರು. ಒಂದು ವರ್ಷ ಆಟದ ಮೇಳದವರು ಅದಕ್ಕೆ ಮೀಸೆ ಅಂಟಿಸಿ, ಕೆಂಪು ಬೂಟು ತೊಡಿಸಿ, ಹೊಟ್ಟೆ ಹಿಡಿದು ನಗುವಂಥ ನಗೆಯೊಂದನ್ನು ಕೊಟ್ಟರು. ಜನರಿಗೆ ಅದು ಎಷ್ಟು ಹಿಡಿಸಿತೆಂದರೆ ಬಣ್ಣದವನು ಗೋಡೆಯಲ್ಲೂ ಮೀಸೆ ಬರೆದ. ಹೆಣ್ಣಿಗೆ ಮೀಸೆಯೆ ಎಂದು ಯಾರೂ ಕೇಳಲಿಲ್ಲ. ಅದು ಹೆಣ್ಣೆಂದು ಯಾರಿಗೂ ನೆನಪಿರಲಿಲ್ಲ.

ಬಣ್ಣ ಹಿಡಿಯಬೇಕಾದರೆ ಗೋಡೆ ಶುದ್ಧವಿರಬೇಕು. ಅದಕ್ಕೆ ಊರು ಒಬ್ಬಳನ್ನು ಇಟ್ಟಿತ್ತು. ಅವಳನ್ನು ಎಲ್ಲರೂ ತೊಳೆಯುವವಳು ಎನ್ನುತ್ತಿದ್ದರು. ಬೂದಿನೀರು ಮೂರು ಕೊಡ, ತೆಂಗಿನ ನಾರು ಒಂದು ಹಿಡಿ, ಮಾತು ಇಲ್ಲ. ಇದು ಅವಳ ಕೆಲಸ. ಕೆಲಸದ ಹೊತ್ತಿನಲ್ಲಿ ಮಾತಿಲ್ಲವೆಂದೋ ಏನೋ, ಉಳಿದ ಹೊತ್ತಿನಲ್ಲಿ ಅವಳ ಬಾಯಿಗೆ ಊರು ಹೆದರುತ್ತಿತ್ತು.

ಊರಿನ ತಪ್ಪುಗಳೆಲ್ಲ ಅವಳ ಕೈಕೆಳಗೆ ಹಾದುಹೋಗಿದ್ದವು. ಅವಳ ಗಂಡ ಸುಣ್ಣದ ಭಟ್ಟಿಯಲ್ಲಿ ಕೆಲಸಕ್ಕಿದ್ದ. ಎದೆಯೊಳಗೆ ಸುಣ್ಣದ ಧೂಳು ಗಟ್ಟಿಯಾಗಿ, ಕೆಮ್ಮಿ ಕೆಮ್ಮಿ ಸತ್ತ. ಮೂಗಿಗೆ ಕಟ್ಟಿಕೊಳ್ಳಲು ಒಂದು ಬಟ್ಟೆ ಕೇಳಿದರೆ ಭಟ್ಟಿಯವನು, ನಿನ್ನ ಮೂಗೇನು ಮದುವಣಗಿತ್ತಿಯೆ ಎಂದು ಎಲ್ಲರೆದುರು ನಗಿಸಿದ್ದ. ಗಂಡ ಸತ್ತ ಮೂರನೆಯ ದಿನ ಅವಳೇ ಗೋಡೆ ತೊಳೆದಳು, ಅವಳೇ ಅದರ ಮುಂದೆ ನಿಂತು ಅದು ಎಂದಳು. ಕೂಸುನುಂಗಿಗೆ ಒಂದು ಹಲ್ಲು ಬಂತು. ಅವಳು ಭಟ್ಟಿಯವನ ಪಕ್ಕದಲ್ಲಿ ಕೂತು ಬೆಲ್ಲದ ಅನ್ನ ಉಂಡಳು.

ಮುಂದಿನ ವರ್ಷ ಗಾಣದವಳ ಮಗ ಸುಣ್ಣ ಅರಳಿಸುವ ಗುಂಡಿಗೆ ಬಿದ್ದ. ಗುಂಡಿಗೆ ಬಿದ್ದ ಬುಟ್ಟಿಯನ್ನು ಇಳಿದು ತೆಗೆ ಎಂದು ಅವನನ್ನು ಇಳಿಸಿದ್ದರು. ಯಾರು ಇಳಿಸಿದ್ದರು ಎಂಬುದು ಭಟ್ಟಿಯ ಕತ್ತೆಗಳಿಗೂ ಗೊತ್ತಿತ್ತು. ಗಾಣದವಳು ಗೋಡೆಯ ಮುಂದೆ ನಿಂತವಳು ಬಾಯಿ ತೆರೆಯಲಾರದೆ ನಡುಗುತ್ತಿದ್ದಾಗ, ತೊಳೆಯುವವಳೇ ಹಿಂದಿನಿಂದ ಅವಳ ಸೊಂಟ ತಿವಿದು ಪಿಸುಗುಟ್ಟಿದ್ದಳು.

“ಒಂದು ಮಾತು ಅಕ್ಕ. ಅಂದುಬಿಡು, ಮುಗೀತದೆ. ನಾನು ಅಂದಿಲ್ವಾ?”

ಗಾಣದವಳು ಅಂದಳು. ಮುಗಿಯಿತು.

ತೊಳೆಯುವವಳಿಗೆ ಆರು ವರ್ಷದ ಒಂದು ಮಗು. ಹೆಣ್ಣು. ಮನೆಯಲ್ಲಿ ಅತ್ತೆ, ಅವಳು, ಮಗು, ಮೂವರೇ. ಒಂದು ಬೆಳಿಗ್ಗೆ ಮಗು ಕುಂಟೆಬಿಲ್ಲೆಯ ಮನೆ ಬರೆಯಲೆಂದು ಭಟ್ಟಿಯ ಅಂಗಳದಿಂದ ಒಂದು ಸುಣ್ಣದ ಚೂರು ಎತ್ತಿಕೊಂಡಿತು. ಚೂರು ಅದರ ಹೆಬ್ಬೆರಳಿನಷ್ಟಿತ್ತು. ಭಟ್ಟಿಯವನು ಗುಂಡಿಯ ಪಕ್ಕದಲ್ಲಿ ನಿಂತಿದ್ದ. ಅವನ ಕೈಯಲ್ಲಿ ಉದ್ದ ಹಿಡಿಯ ಸೌಟಿತ್ತು. ಗುಂಡಿಯಲ್ಲಿ ಸುಣ್ಣ ಕೊತಕೊತ ಕುದಿಯುತ್ತಿತ್ತು. ಕಳ್ಳಿ ಎಂದ. ಮಗು ತಿರುಗಿ ನೋಡಿತು.

ಅದೇ ಅದು ನೋಡಿದ ಕೊನೆಯ ನೋಟ.

ತೊಳೆಯುವವಳು ಓಡಿ ಬರುವಷ್ಟರಲ್ಲಿ ಮಗುವಿನ ಎರಡು ಕಣ್ಣೂ ಬೆಂದ ಮೊಟ್ಟೆಯಂತಾಗಿದ್ದವು. ಗಾಣದವಳು ಒಂದು ಕುಡಿಕೆ ಹರಳೆಣ್ಣೆ ತಂದು ತಾನೇ ಬಿಟ್ಟಳು, ಬಟ್ಟೆ ಕಟ್ಟಿದಳು. ಹೋಗುವಾಗ ಹೊಸ್ತಿಲಲ್ಲಿ ನಿಂತಳು.

“ಹೇಳು ಅಕ್ಕ,” ಎಂದಳು ತೊಳೆಯುವವಳು. “ಇವತ್ತು ನಿನ್ನ ಸರದಿ. ನನ್ನ ಸೊಂಟ ತಿವಿ.”

“ನಾನು ಎಣ್ಣೆ ಕೊಡೋಕೆ ಬಂದೆ,” ಎಂದಳು ಗಾಣದವಳು. “ಕುಡಿಕೆ ಆಮೇಲೆ ಕೊಟ್ಟು ಕಳಿಸು.”

ಮೊದಲ ದಿನ ಅತ್ತೆ ಮಗುವನ್ನು ತೊಡೆಯ ಮೇಲೆ ಕೂರಿಸಿಕೊಂಡು ಪಾಠಕ್ಕೆ ಶುರುಮಾಡಿದಳು. ಮೂರನೆಯ ದಿನ ಗೋಡೆಯ ಮುಂದೆ ನಿಲ್ಲಬೇಕಾದವಳು ಮಗುವೇ. ನೋವು ತಿಂದದ್ದು ಅದೇ.

“ಪುಟ್ಟೀ, ಹಿರಿಯ ತಾತ ನಿನ್ನ ಯಾರು ಅಂತ ಕೇಳ್ತಾರೆ. ನೀನು ಏನನ್ಬೇಕು?”

“ಭಟ್ಟಿ ಮಾವ.”

“ಅಲ್ಲಮ್ಮ. ಅದು ಅನ್ಬೇಕು.”

“ಅದು ಗೋಡೇಲಿದೆ ಅಜ್ಜಿ. ಗೋಡೆ ಹೆಂಗೆ ಭಟ್ಟಿಗೆ ಬರ್ತದೆ?”

“ಅದು ಎಲ್ಲಿ ಬೇಕಾದ್ರೂ ಬರ್ತದೆ. ಮನುಷ್ಯರ ವೇಷ ಹಾಕ್ಕೊಂಡು ಬರ್ತದೆ.”

“ಹಂಗಾದ್ರೆ ಭಟ್ಟಿ ಮಾವನ ವೇಷ ಹಾಕ್ಕೊಂಡು ಬಂದಿತ್ತಾ? ಭಟ್ಟಿ ಮಾವ ಆವಾಗ ಎಲ್ಲಿದ್ದ?”

ಅತ್ತೆ ಸೊಸೆಯ ಕಡೆ ನೋಡಿದಳು. “ನಿನ್ನ ಬಾಯೇ ಬಂದಿದೆ ಇದಕ್ಕೆ. ನೀನಾದ್ರೂ ಹೇಳು.”

ತೊಳೆಯುವವಳು ಹೇಳಿದಳು. ಅವಳಿಗೆ ಹೇಳಲು ಬರುತ್ತಿತ್ತು, ಎಷ್ಟೋ ಜನಕ್ಕೆ ಹೇಳಿ ಅಭ್ಯಾಸವಿತ್ತು. ಒಂದೇ ಮಾತು ಮಗಳೇ, ಅಂದುಬಿಡು, ಆಮೇಲೆ ಬೆಲ್ಲದ ಅನ್ನ ಕೊಡ್ತಾರೆ. ನೀನು ಮಾವನ ಹೆಸರು ಹೇಳಿದರೆ ನಿನ್ನನ್ನು ಬಾಗಿಲಾಚೆ ಬಿಟ್ಟುಬಿಡ್ತಾರೆ. ನಾನು ಜೊತೆಗೆ ಬರೋ ಹಾಗಿಲ್ಲ. ಆಚೆ ದಾರಿಯುಂಟು, ಹಳ್ಳವುಂಟು, ನಾಯಿಯುಂಟು. ನಿನಗೆ ಕಣ್ಣಿಲ್ಲ.

ಮಗು ತಡಕಾಡಿ ಅಮ್ಮನ ಸೆರಗು ಹಿಡಿದುಕೊಂಡಿತು. ಆಮೇಲೆ, “ನಾನು ಕೊನೆಗೆ ನೋಡಿದ್ದು ಅವನನ್ನೇ ಅಮ್ಮ. ಬೇರೆ ಏನೂ ಇಲ್ಲ ನನ್ ಹತ್ರ,” ಎಂದಿತು.

 

ಎರಡನೆಯ ದಿನ ಬೆಳಿಗ್ಗೆ ತೊಳೆಯುವವಳು ಪುಸ್ತಕದವನ ಮನೆಗೆ ಹೋದಳು. ಕೂಸುನುಂಗಿಯ ವಿದ್ಯೆ ಊರಲ್ಲಿ ಅವನೊಬ್ಬನಿಗೇ ಗೊತ್ತು. ದಾರ ಕಟ್ಟುತ್ತಿದ್ದ, ತಗಡಿನ ಮೇಲೆ ಮಂತ್ರದ ಚೌಕ ಗೀಚಿ ಹೊಸ್ತಿಲಡಿ ಹೂಳಿಸುತ್ತಿದ್ದ. ಅಂಗಳದಲ್ಲಿ ಕೂತು ನಿಂಬೆಹಣ್ಣಿಗೆ ಕುಂಕುಮ ತುಂಬುತ್ತಿದ್ದವನು ತಲೆ ಎತ್ತಿ ನೋಡಿದ.

“ದಾರ ಬೇಕಾ? ಮಗುವಿಗೆ ಕಪ್ಪು ದಾರ ಒಳ್ಳೇದು.”

“ದಾರ ಕಟ್ಟಿದರೆ ಕಣ್ಣು ಬರ್ತದಾ?”

“ಇನ್ನೊಂದು ಸಲ ಹಂಗಾಗಲ್ಲ.”

“ಇನ್ನೊಂದು ಸಲ ಆಗೋಕೆ ಕಣ್ಣೆಲ್ಲಿದೆ ಸ್ವಾಮೀ? ಅದಿರಲಿ, ನಂಗೊಂದು ಹೇಳಿ. ಅದು ಎಲ್ಲಿಂದ ಬಂತು? ಯಾರ ಹೊಟ್ಟೇಲಿ ಹುಟ್ಟಿತು?”

ಅವನಿಗೆ ಖುಷಿಯಾಯಿತು. ಯಾರೂ ಇಷ್ಟು ವಿವರ ಕೇಳಿರಲಿಲ್ಲ. ಒಳಗಿನಿಂದ ಪುಸ್ತಕ ತಂದು, ಕಣ್ಣಿಗೊತ್ತಿಕೊಂಡು ಬಿಚ್ಚಿದ. ಕೂಸುನುಂಗಿಗೆ ಹತ್ತೊಂಬತ್ತು ಹೆಸರು. ಸುಟ್ಟ ಹುಣಸೆಮರದ ಬೂದಿಯಲ್ಲಿ ಗ್ರಹಣದ ಹೊತ್ತು ಹುಟ್ಟಿತು ಎಂದು ಒಂದು ಹಾಳೆ. ಹೆಣದ ನಗೆಯಿಂದ ಹುಟ್ಟಿತು ಎಂದು ಇನ್ನೊಂದು ಹಾಳೆ. ಅದರ ಉಗುರು ಒಂದು ಗೇಣು, ಅದರ ನೆರಳು ಬಡಗಣಕ್ಕೆ ಬೀಳುವುದಿಲ್ಲ, ಅದನ್ನು ಕರೆಯಲು ಏಳು ಬೀದಿಯ ಮಣ್ಣು, ಕಳಿಸಲು ಕರಿಯ ಕೋಳಿ.

“ಎರಡು ಸಲ ಹುಟ್ಟಿತಾ?” ಎಂದಳು ಅವಳು.

“ಬರೆದವರು ಬೇರೆ ಬೇರೆ. ಆ ಹಾಳೆ ನಮ್ಮಜ್ಜಂದು, ಈ ಹಾಳೆ ನಮ್ಮ ಮಾವಂದು. ಹೆಸರು ಮೊದಲು ಏಳೇ ಇದ್ದವು, ಉಳಿದ ಹನ್ನೆರಡು ನಾನು ಸೇರಿಸಿದೆ.”

“ಎಲ್ಲಿಂದ ತಂದ್ರಿ?”

“ಕನಸಲ್ಲಿ ಬಂದವು.”

“ಊಟ ಜಾಸ್ತಿಯಾದ ದಿನವಾ?”

ಅವನು ಪುಸ್ತಕ ಮುಚ್ಚಿದ. ಅವಳು ಬಿಡಲಿಲ್ಲ.

“ಮೊದಲನೇ ಹಾಳೆ ಎಲ್ಲಿ?”

“ಗೆದ್ದಲು ತಿಂದಿತು. ನಮ್ಮಜ್ಜನ ಕಾಲಕ್ಕೇ.”

“ಯಾವುದು ತಿನ್ನಬೇಕು ಅಂತ ಗೆದ್ದಲಿಗೂ ಯಾರೋ ಹೇಳಿಕೊಟ್ಟಿರಬೇಕು,” ಎಂದು ಅವಳು ಎದ್ದಳು.

ಮಟಮಟ ಮಧ್ಯಾಹ್ನ ಊರೆಲ್ಲ ಉಂಡು ಮಲಗಿತ್ತು. ಆ ಹೊತ್ತಿನಲ್ಲಿ ಗೋಡೆ ತೊಳೆಯುವುದು ಅವಳ ಎಂದಿನ ಕೆಲಸ, ನೋಡಿದವರೂ ಕೇಳುತ್ತಿರಲಿಲ್ಲ. ಬೂದಿನೀರು ಮೂರು ಕೊಡ, ತೆಂಗಿನ ನಾರು ಒಂದು ಹಿಡಿ, ಮಾತು ಇಲ್ಲ. ಆದರೆ ಅವತ್ತು ಸೆರಗಿನ ಒಳಗೆ ಒಂದು ಮೊಂಡು ಕುಡುಗೋಲೂ ಇತ್ತು.

ಅವಳು ತೊಳೆಯಲಿಲ್ಲ, ಕೆರೆದಳು.

ಬಣ್ಣ ಹಪ್ಪಳದಂತೆ ಎದ್ದು ಬಂತು. ಮೊದಲು ಮೀಸೆ ಹೋಯಿತು. ಅದರ ಅಡಿಯಲ್ಲಿ ಒಂದಂಗುಲ ದಪ್ಪಕ್ಕೆ ಹಲ್ಲುಗಳು, ಹಲ್ಲಿನ ಕೆಳಗೆ ಹಲ್ಲು. ಅವಳ ಗಂಡನ ಹಲ್ಲು ಮೇಲೆಯೇ ಇತ್ತು. ಗಾಣದವಳ ಮಗನ ಹಲ್ಲು ಅದರ ಪಕ್ಕ. ಎರಡೂ ಉದುರಿ ಅವಳ ಪಾದದ ಮೇಲೆ ಬಿದ್ದವು. ಅವಳು ನಿಲ್ಲಿಸಲಿಲ್ಲ. ಕೊಂಬುಗಳು ಹೋದವು, ಅವುಗಳ ಕೆಳಗೆ ಚಿಕ್ಕ ಕೊಂಬುಗಳು, ಅವುಗಳ ಕೆಳಗೆ ಬರೀ ಗಂಟು, ಅದರ ಕೆಳಗೆ ಏನೂ ಇಲ್ಲ. ಕೈಗಳು ಒಂದೊಂದಾಗಿ ಹೋದವು. ಪುಸ್ತಕದವನ ಮನೆಯವರು ಬರೆಸಿದ ಮಂತ್ರದ ಚೌಕಗಳು ಹೋದವು. ಉಗುರು ಹೋಯಿತು. ಕೊನೆಗೆ ಕುಡುಗೋಲು ಹಳೆಯ ಗಾರೆಗೆ ತಾಗಿ ಕಿರ್ರೆಂದಿತು. ಅವಳು ನಾರು ಅದ್ದಿ ಮೆಲ್ಲಗೆ ಒರೆಸಿದಳು.

ಗಾರೆಯ ಮೇಲೆ ಒಬ್ಬ ಹೆಂಗಸು ನಿಂತಿದ್ದಳು.

ಎರಡೇ ಕೈ. ಮಾಮೂಲಿ ಸೀರೆ. ತಲೆಗೂದಲು ಬಿಚ್ಚಿತ್ತು, ಅರ್ಧ ಒದ್ದೆ, ತಲೆಗೆ ನೀರು ಹಾಕಿಕೊಳ್ಳುತ್ತಿದ್ದವಳು ಕೂಗು ಕೇಳಿ ಹಾಗೇ ಎದ್ದು ಓಡಿಬಂದಂತೆ. ಒಂದು ತೋಳಿನಲ್ಲಿ ಕೂಸು. ಕೂಸಿನ ಕತ್ತು ಜೋತುಬಿದ್ದಿತ್ತು. ಅವಳು ಅದನ್ನು ಕೆನ್ನೆಗೆ ಒತ್ತಿ ಹಿಡಿದಿದ್ದಳು, ಅದರ ತಲೆ ಅವಳ ಬಾಯಿಗೆ ತಾಗುವಷ್ಟು ಹತ್ತಿರ. ಬಾಯಿ ತೆರೆದಿತ್ತು. ಅದರಲ್ಲಿ ಮನುಷ್ಯರಿಗೆ ಇರುವಷ್ಟೇ ಹಲ್ಲು. ಇನ್ನೊಂದು ಕೈ ಮುಂದಕ್ಕೆ ಚಾಚಿತ್ತು, ಒಂದು ಬೆರಳು ಊರಿನ ಒಳಕ್ಕೆ ತೋರಿಸುತ್ತಿತ್ತು. ಅವಳು ಯಾರದೋ ಹೆಸರು ಹೇಳುತ್ತಿದ್ದಳು.

ತೊಳೆಯುವವಳು ಅಲ್ಲೇ ಕುಕ್ಕರುಗಾಲಿನಲ್ಲಿ ಕೂತುಬಿಟ್ಟಳು. ಬೆರಳಿಗೆ ಉಗುರು ಬರೆದಿದ್ದರು. ಬಾಯಿಗೆ ಕೋರೆ ಬರೆದಿದ್ದರು. ಮುದ್ದಿಟ್ಟುಕೊಂಡ ಕೂಸನ್ನು ಬಾಯಿಯ ಒಳಕ್ಕೆ ತಳ್ಳಿದ್ದರು. ಆಮೇಲಿನ ಕೆಲಸ ಸುಲಭವಿತ್ತು, ವರ್ಷ ವರ್ಷ ಒಂದೊಂದು ಸೇರಿಸುತ್ತ ಹೋದರಾಯಿತು. ಆ ಕೆಲಸಕ್ಕೆ ನೆಲ ಹದ ಮಾಡಿಕೊಟ್ಟವಳು ತಾನೇ, ತನ್ನ ಹಿಂದಿನವಳು, ಅವಳ ಹಿಂದಿನವಳು.

ಹಿಂದೆ ಹೆಜ್ಜೆ ಸದ್ದಾಯಿತು. ಬಣ್ಣದವನು. ಬಟ್ಟಲು ಹಿಡಿದು ನಿಂತಿದ್ದ. ಗೋಡೆ ನೋಡಲಿಲ್ಲ, ನೆಲ ನೋಡಿದ.

“ಮುಚ್ಚು ಅದನ್ನ,” ಎಂದ.

“ನಿಂಗೆ ಗೊತ್ತಿತ್ತಾ?”

“ನಮ್ಮಪ್ಪ ಕುಂಚ ಕೊಡುವಾಗ ಒಂದು ಮಾತು ಹೇಳಿದ್ದ. ತೆಳ್ಳಗೆ ಬರೀಬೇಡ, ದಪ್ಪಗೆ ಬರಿ ಅಂತ. ಯಾಕೆ ಅಂತ ನಾನೂ ಕೇಳಲಿಲ್ಲ, ಅವನೂ ಹೇಳಲಿಲ್ಲ.”

“ಈಗ ನೋಡು.”

“ನೋಡಿದರೆ ನಾಳೆ ನನ್ನ ಕೈ ಬರೆಯಲ್ಲ. ನಂಗೂ ಎರಡು ಮಕ್ಕಳಿದ್ದಾವೆ ತಾಯಿ.” ಅವನು ಕಣ್ಣು ಮುಚ್ಚಿಕೊಂಡೇ ಹತ್ತಿರ ಬಂದು, ತಡಕಾಡಿ, ಕೆಮ್ಮಣ್ಣಿನ ಬಣ್ಣವನ್ನು ಗಾರೆಗೆ ಬಳಿಯಲು ಶುರುಮಾಡಿದ. ಕಣ್ಣು ಮುಚ್ಚಿದ್ದರೂ ಅವನ ಕೈ ಎಲ್ಲೂ ತಪ್ಪಲಿಲ್ಲ. ಕೋರೆ ಬಂತು, ಕೊಂಬು ಬಂತು, ಉಗುರು ಬಂತು. ಸಂಜೆಯ ಹೊತ್ತಿಗೆ ಕೂಸುನುಂಗಿ ಮೊದಲಿಗಿಂತ ಚೆನ್ನಾಗಿತ್ತು.

“ನಾಳೆ ಮಗು ಏನನ್ನುತ್ತೆ?” ಎಂದು ಕೇಳಿದ, ಬಟ್ಟಲು ತೊಳೆಯುತ್ತ.

“ನೀನು ನಾಳೆಗೆ ಯಾವ ಬಣ್ಣ ಕಲಸಿದೀಯ?”

“ಕಣ್ಣು ಸುಟ್ಟದ್ದಕ್ಕೆ ಕಣ್ಣು ಅಂತ ಹಿರಿಯ ಹೇಳಿದಾರೆ. ಹಳದಿ.”

“ಒಳ್ಳೇದಾಯ್ತು. ಮಗಳ ಕಣ್ಣು ಗೋಡೆಯಲ್ಲಾದರೂ ಇರ್ತವೆ.”

ಮೂರನೆಯ ದಿನದ ಬೆಳಗು. ತೊಳೆಯುವವಳು ಮಗುವಿಗೆ ತಲೆ ಬಾಚುತ್ತಿದ್ದಳು. ಅವಳು ಹಿಂದಿನ ಸಂಜೆ ಮನೆಗೆ ಬಂದದ್ದು ತಡವಾಗಿ. ಅಷ್ಟರಲ್ಲಿ ಅತ್ತೆ ಪಾಠ ಮುಗಿಸಿದ್ದಳು.

“ಅಮ್ಮ, ನಾನು ಕಲಿತೆ,” ಎಂದಿತು ಮಗು. “ಹಿರಿಯ ತಾತ ಯಾರು ಅಂತಾರೆ. ನಾನು ಅದು ಅಂತೀನಿ. ಆಮೇಲೆ ನಾವಿಬ್ಬರೂ ಮನೆಗೆ ಬರ್ತೀವಿ.”

“ಹೂಂ.”

“ಅದಕ್ಕೆ ಮೂವತ್ತೊಂದು ಕೈ. ನನಗೆ ಎರಚಿದ್ದು ಏಳನೇ ಕೈ. ಅಜ್ಜಿ ಹೇಳಿದ್ಲು.”

ಬಾಚಣಿಗೆ ನಿಂತಿತು. ತೊಳೆಯುವವಳು ಮೆಲ್ಲಗೆ ಕೇಳಿದಳು. “ನೀನು ತಿರುಗಿ ನೋಡಿದೆಯಲ್ಲ ಮಗಳೇ, ಅವತ್ತು. ಅವನ ಮುಖ ಹೆಂಗಿತ್ತು?”

ಮಗು ಯೋಚಿಸಿತು. ಕಣ್ಣಿನ ಮೇಲಿನ ಬಟ್ಟೆಯನ್ನು ಮುಟ್ಟಿಕೊಂಡಿತು. ಅದು ಸುಳ್ಳು ಹೇಳುತ್ತಿರಲಿಲ್ಲ. ಒಳಗೆ ನೋಡಿಕೊಂಡು, ಕಂಡದ್ದನ್ನು ಹೇಳಿತು.

“ಕೊಂಬಿತ್ತು,” ಎಂದಿತು. “ನಾಲಿಗೆ ಇಷ್ಟುದ್ದ ಇತ್ತು.”

ಅಡುಗೆ ಒಲೆಯ ಮುಂದಿನಿಂದ ಅತ್ತೆ ಉಸಿರು ಬಿಟ್ಟಳು. “ಸದ್ಯ,” ಎಂದಳು. “ಇನ್ನು ಭಯವಿಲ್ಲ. ನನ್ನ ಮಗ ಹೋದಾಗಲೂ ನಾವು ಅಂದೆವು. ನಮ್ಮ ನಾಲಿಗೆ ಸುಟ್ಟಿತಾ? ಇವಳೂ ಅಂದು ಬದುಕಿಕೊಳ್ತಾಳೆ ಬಿಡು.”

ತೊಳೆಯುವವಳು ಬಾಚಣಿಗೆ ಕೆಳಗಿಟ್ಟಳು. ಜಡೆ ಹೆಣೆದಳು. ಬಿಗಿಯಾಗಿ ಹೆಣೆದಳು, ಬಹಳ ದಿನ ಬಿಚ್ಚದಿರಲಿ ಎನ್ನುವಂತೆ. ಆಮೇಲೆ ಎರಡು ಸಲ ಬಿಚ್ಚಿ, ಎರಡು ಸಲ ಮತ್ತೆ ಹೆಣೆದಳು.

“ಎಷ್ಟು ಸಲ ಹಾಕ್ತೀಯಮ್ಮ,” ಎಂದಿತು ಮಗು.

“ಸುಮ್ಮನಿರು. ಸೊಟ್ಟ ಬಂದಿತ್ತು.”

ಗೋಡೆಯ ಮುಂದೆ ಊರು ಸೇರಿತ್ತು. ಕೊಪ್ಪರಿಗೆಯಲ್ಲಿ ನೀರು ತುಂಬಿತ್ತು, ಬೆಲ್ಲದ ಅನ್ನದ ವಾಸನೆ ಬರುತ್ತಿತ್ತು. ತಮಟೆಯವರು ಸೌದೆ ಬೆಂಕಿಗೆ ತಮಟೆ ಕಾಸುತ್ತಿದ್ದರು. ಭಟ್ಟಿಯವನು ಹೊಸ ಪಂಚೆ ಉಟ್ಟು ಮುಂದಿನ ಸಾಲಿನಲ್ಲೇ ನಿಂತಿದ್ದ. ಅವನ ಮುಖದಲ್ಲಿ ನಿಜವಾದ ಮರುಕವಿತ್ತು. ಪಕ್ಕದವನಿಗೆ ಹೇಳುತ್ತಿದ್ದ.

“ಪಾಪ, ಚೂಟಿ ಮಗು. ಇದಕ್ಕೆ ಕರುಣೆ ಅನ್ನೋದೇ ಇಲ್ಲ ನೋಡು.”

ಇದಕ್ಕೆ ಎನ್ನುವಾಗ ಗೋಡೆಯ ಕಡೆ ಗದ್ದ ಎತ್ತಿದ. ಅವನು ನಟಿಸುತ್ತಿರಲಿಲ್ಲ. ಅಷ್ಟು ಹೊತ್ತಿಗೆ ಅವನಿಗೂ ಕೊಂಬೇ ಕಾಣುತ್ತಿತ್ತು.

ಹಿರಿಯ ಕೋಲು ಊರಿ ಮುಂದೆ ಬಂದ. ಅತ್ತೆ ಮಗುವನ್ನು ಗೋಡೆಗೆ ಮುಖ ಮಾಡಿ ನಿಲ್ಲಿಸಿದಳು. ಬಣ್ಣದವನು ಹಳದಿ ಬಟ್ಟಲಿಗೆ ಕುಂಚ ಅದ್ದಿದ. ತೊಳೆಯುವವಳು ಬೂದಿನೀರಿನ ಕೊಡದ ಪಕ್ಕ ನಿಂತಿದ್ದಳು, ಅದೇ ಅವಳ ಜಾಗ. ಅಲ್ಲಿ ನಿಂತವಳು ಮಾತಾಡುವ ಕ್ರಮವಿಲ್ಲ.

“ಯಾರು?” ಎಂದ ಹಿರಿಯ.

ಮಗು ಉಸಿರೆಳೆದುಕೊಂಡಿತು. ದೊಡ್ಡವರು ಆ ಗೋಡೆಯ ಮುಂದೆ ಹೇಗೆ ಉಸಿರೆಳೆದುಕೊಳ್ಳುತ್ತಾರೋ ಹಾಗೆಯೇ, ಭುಜ ಎರಡೂ ಎತ್ತಿ. ಯಾರೂ ಅದನ್ನು ಅದಕ್ಕೆ ಕಲಿಸಿರಲಿಲ್ಲ.

“ಭಟ್ಟಿಯವನು,” ಎಂದಳು ತೊಳೆಯುವವಳು.

ಜೋರಾಗಿ ಹೇಳಲಿಲ್ಲ. ಅಂಗಡಿಯಲ್ಲಿ ಉಪ್ಪು ಕೇಳುವ ಹಾಗೆ ಹೇಳಿದಳು. ಕುಂಚದಿಂದ ಒಂದು ಹನಿ ಹಳದಿ ಕೆಳಗೆ ಬಿತ್ತು.

“ನನ್ನ ಮಗಳ ಕಣ್ಣು ಸುಟ್ಟದ್ದು ಸುಣ್ಣದ ಭಟ್ಟಿಯವನು. ಉದ್ದ ಹಿಡಿಯ ಸೌಟಲ್ಲಿ, ಬಲಗೈಯಲ್ಲಿ. ನನ್ನ ಗಂಡನ ಎದೆ ತಿಂದದ್ದೂ ಅವನೇ. ಈ ಅಕ್ಕನ ಮಗನನ್ನ ಗುಂಡಿಗೆ ಇಳಿಸಿದ್ದೂ ಅವನೇ. ಅದು ಅನ್ನು ಅಂತ ಅವಳ ಸೊಂಟ ತಿವಿದವಳು ನಾನು. ಅದನ್ನೂ ಬರ್ಕೊಳ್ಳಿ.”

ತಮಟೆಯವರಿಗೆ ಆಗ ಎಚ್ಚರವಾಯಿತು. ಬಡಿದರು. ಆದರೆ ತಡವಾಗಿತ್ತು, ಹೇಳುವುದೆಲ್ಲ ಮುಗಿದಿತ್ತು. ಯಾರೂ ಭಟ್ಟಿಯವನ ಕಡೆ ತಿರುಗಲಿಲ್ಲ. ತಿರುಗಿದರೆ ಕೇಳಿಸಿತು ಎಂದಾಗುತ್ತಿತ್ತು. ಗಾಣದವಳೂ ತಿರುಗಲಿಲ್ಲ. ಅವಳು ತನ್ನ ಅಂಗೈಯನ್ನು ನೋಡಿಕೊಳ್ಳುತ್ತಿದ್ದಳು.

ತಮಟೆಯ ನಡುವೆ ಮಗು ಅಮ್ಮನ ದನಿ ಬಂದ ಕಡೆಗೆ ಕೈ ಚಾಚಿತು. “ನಾನು ಹೇಳ್ತಿದ್ದೆನಲ್ಲಮ್ಮ,” ಎಂದಿತು. “ನಾನು ಸರಿಯಾಗೇ ಹೇಳ್ತಿದ್ದೆ. ನಮ್ಮನ್ನ ಬಿಟ್ಟುಬಿಡ್ತಿದ್ರು.”

ತೊಳೆಯುವವಳು ಅದರ ಮುಂದೆ ಮಂಡಿಯೂರಿದಳು. ಮಗುವಿನ ಮುಖವನ್ನು ಎರಡು ಕೈಯಲ್ಲಿ ಹಿಡಿದುಕೊಂಡಳು.

“ಅವನಿಗೆ ಕೊಂಬಿರಲಿಲ್ಲ ಮಗಳೇ. ಬಿಳೀ ಪಂಚೆ, ಬೋಡು ತಲೆ, ಗದ್ದದ ಮೇಲೊಂದು ಮಚ್ಚೆ. ಹೇಳು.”

“ಮಚ್ಚೆ,” ಎಂದಿತು ಮಗು, ಅಳುತ್ತ.

“ಅದು ನಿಂದು. ಯಾರಿಗೂ ಕೊಡಬೇಡ.”

ಅತ್ತೆ ಮಗುವನ್ನು ಎಳೆದುಕೊಂಡು ಸೆರಗಿನಲ್ಲಿ ಮುಚ್ಚಿದಳು. “ಹೋಗೇ,” ಎಂದಳು ಸೊಸೆಗೆ. “ಹೋಗು, ನನ್ನ ಮುಖ ನೋಡಬೇಡ. ನೋಡಿದರೆ ನಾನೂ ಏನಾದರೂ ಅಂದುಬಿಟ್ಟೇನು. ಆಮೇಲೆ ಇದಕ್ಕೆ ಯಾರಿದ್ದಾರೆ?”

ಹೊತ್ತು ತಿರುಗುವ ಮೊದಲೇ ತೊಳೆಯುವವಳು ಬಾಗಿಲು ದಾಟಿದಳು. ಅವಳ ಕೈಯಲ್ಲಿ ಏನೂ ಇರಲಿಲ್ಲ. ಬಾಗಿಲು ಹಾಕಿದರು. ಬೆಲ್ಲದ ಅನ್ನ ಆರುತ್ತದೆಂದು ಊರು ಸಾಲಾಗಿ ಕೂತು ಉಂಡಿತು.

ಅನ್ನ ಉಂಡ ಮೇಲೆ ಹಿರಿಯ ಕೊಡವನ್ನು ಗಾಣದವಳಿಗೆ ಕೊಟ್ಟ. ಗೋಡೆ ತೊಳೆಯಲು ಒಬ್ಬಳು ಬೇಕಲ್ಲ. ಗಾಣದವಳು ಬೇಡವೆನ್ನಲಿಲ್ಲ. ಬೂದಿನೀರು ಮೂರು ಕೊಡ, ತೆಂಗಿನ ನಾರು ಒಂದು ಹಿಡಿ, ಮಾತು ಇಲ್ಲ. ಅವಳು ತೊಳೆದ ಜಾಗದ ಮೇಲೆ ಬಣ್ಣದವನು ಬರೆದ. ದಪ್ಪಗೆ ಬರೆದ. ಕೂಸುನುಂಗಿಗೆ ಎರಡು ಹಳದಿ ಕಣ್ಣು ಹೆಚ್ಚಾದವು. ಒಂದು ಕೈಗೆ ನಾರು ಬಂತು, ಸೊಂಟಕ್ಕೆ ಕೊಡ ಬಂತು. ಮಗುವಿನ ಕಣ್ಣು ಸುಟ್ಟದ್ದು ಅದೇ, ತೊಳೆಯುವವಳ ವೇಷ ಹಾಕಿಕೊಂಡು ಅಷ್ಟು ವರ್ಷ ಊರೊಳಗೇ ಇತ್ತು ಎಂದು ಜನ ಮಾತಾಡಿಕೊಂಡರು. ಪುಸ್ತಕದವನಿಗೆ ಇಪ್ಪತ್ತನೆಯ ಹೆಸರು ಕನಸಿನಲ್ಲಿ ಬಂತು. ಆಟದ ಮೇಳದವರು ಮೀಸೆ ತೆಗೆದು ಸೀರೆ ಉಡಿಸಿದರು. ಕೊಡ ಹಿಡಿದು ಕುಣಿಯುವ ಕೂಸುನುಂಗಿಗೆ ಜನ ಸೀಟಿ ಹೊಡೆದರು. ಹಬ್ಬ ಬಂದಾಗ ಸಕ್ಕರೆಯ ಅಚ್ಚಿನಲ್ಲೂ ಕೊಡ ಇತ್ತು.

ಮಗು ಬೆಳೆಯುತ್ತಿತ್ತು. ಗೋಡೆ ಕಾಣದ ಮಗು ಊರಲ್ಲಿ ಅದೊಂದೇ. ಬೀದಿಯ ಮಕ್ಕಳು ಅದರ ಕಿವಿಯ ಹತ್ತಿರ ಬಂದು, ಕೂಸುನುಂಗಿ ಹಿಂಗಿದೆ ಹಂಗಿದೆ, ನಿಮ್ಮಮ್ಮನೇ ಅದು ಎಂದು ಹೇಳಿ ಓಡಿಹೋಗುತ್ತಿದ್ದರು. ಮಗು ಯಾರಿಗೂ ಏನೂ ಅನ್ನುತ್ತಿರಲಿಲ್ಲ. ಭಟ್ಟಿಯವನು ಬೀದಿಯಲ್ಲಿ ಹಾದುಹೋದರೆ ಮಾತ್ರ, ಅವನ ಚಪ್ಪಲಿಯ ಸದ್ದಿಗೆ ಮುಖ ತಿರುಗಿಸಿ, ಆ ಸದ್ದು ಮುಗಿಯುವವರೆಗೂ ಅತ್ತಲೇ ಮುಖ ಮಾಡಿ ನಿಲ್ಲುತ್ತಿತ್ತು. ಅವನು ಆ ಬೀದಿ ಬಿಟ್ಟು ಬಳಸಿ ಹೋಗತೊಡಗಿದ.

ಒಂದು ಸಂಜೆ ಅಜ್ಜಿ ರಾಗಿಮುದ್ದೆ ಮುರಿದು ಸಾರಿನಲ್ಲಿ ಅದ್ದಿ ಮಗುವಿಗೆ ತಿನ್ನಿಸುತ್ತಿದ್ದಳು. ಮಗು ಎರಡು ತುತ್ತು ತಿಂದು ಸಾಕೆಂದಿತು. ಅಜ್ಜಿ ರಮಿಸಿದಳು, ಬೈದಳು. ಅವಳಿಗೆ ದಣಿವಾಗಿತ್ತು. ಮಕ್ಕಳಿಗೆ ಉಣ್ಣಿಸುವ ಹೆಂಗಸರು ಊರಿನ ಎಲ್ಲ ಮನೆಗಳಲ್ಲೂ ಆ ಹೊತ್ತಿಗೆ ಹೇಳುತ್ತಿದ್ದುದನ್ನೇ ಅವಳೂ ಯೋಚಿಸದೆ ಹೇಳಿಬಿಟ್ಟಳು.

“ತಟ್ಟೆ ಖಾಲಿ ಮಾಡು. ಇಲ್ಲದಿದ್ರೆ ಕೂಸುನುಂಗಿ ಬಂದು ನಿನ್ನ ಎತ್ತಿಕೊಂಡು ಹೋಗ್ತಾಳೆ.”

ಹೇಳಿದ ಮೇಲೆ ಅವಳ ಕೈಯಲ್ಲಿದ್ದ ತುತ್ತು ಅಲ್ಲೇ ನಿಂತಿತು.

ಮಗು ಅಗಿಯುವುದನ್ನು ನಿಲ್ಲಿಸಿತು.

“ನಿಜವಾಗ್ಲೂ ಬರ್ತಾಳಾ ಅಜ್ಜಿ?”

ಅಜ್ಜಿ ತುತ್ತನ್ನು ಮತ್ತೆ ಸಾರಿನಲ್ಲಿ ಅದ್ದಿದಳು.

ಮಗು ಬಾಯಲ್ಲಿದ್ದದ್ದನ್ನು ಅಂಗೈಗೆ ಉಗುಳಿ ತಟ್ಟೆಯಲ್ಲಿ ಇಟ್ಟಿತು. ತಟ್ಟೆಯನ್ನು ಎರಡೂ ಕೈಯಿಂದ ದೂರ ತಳ್ಳಿತು. ಗೋಡೆ ಹಿಡಿದು ಎದ್ದು, ತಡವರಿಸುತ್ತ ಹೊಸ್ತಿಲವರೆಗೆ ಹೋಗಿ, ಬಾಗಿಲಿಗೆ ಮುಖ ಮಾಡಿ ಕೂತುಕೊಂಡಿತು.